ಹೊನ್ನು ಹೊತ್ತ ಕಲ್ಲು



35 ವರ್ಷಗಳ ಕಾಲ ಪ್ರೌಢಶಾಲೆಗಳಲ್ಲಿ ಇಂಗ್ಲಿಷ್ ಬೋಧಿಸಿ ನಿವೃತ್ತನಾದವನು ನಾನು. ಆ ಭಾಷೆಯ ಸಾವಿರಾರು ಶಬ್ದಗಳು ನನ್ನ ನಾಲಗೆಯ ಮೇಲೆ ಹಾದುಹೋಗಿವೆ, ಬಹುಪಾಲನ್ನು ಮರೆತಿದ್ದೇನೆ. ಒಂದು ಶಬ್ದವನ್ನು ಮಾತ್ರ ಮರೆಯಬೇಕೆಂದರೂ ಮರೆಯಲಾರೆ. ಅದು ಪಠ್ಯಪುಸ್ತಕದಲ್ಲಿ ಕಂಡದ್ದಲ್ಲ, ದಿನಪತ್ರಿಕೆಗಳಲ್ಲಿ ನಿತ್ಯ ಕಾಣುವಂಥದೂ ಅಲ್ಲ. 'ಆರಿಫೆರಸ್' ಎಂಬ ಒಂದು ವಿಶೇಷಣ ಅದು. ನಿಮ್ಮಲ್ಲಿ ಅನೇಕರು ಇದನ್ನು ಕೇಳಿಯೇ ಇರಲಾರಿರಿ. ಕೇಳದೆ ಇದ್ದುದರಿಂದ ನಿಮಗೆ ಯಾವ ನಷ್ಟವೂ ಆಗಿಲ್ಲ. ಅದನ್ನು ನಾನು ಅರೆಬರೆ ತಿಳಿದಿದ್ದುದರಿಂದ ನನ್ನ ಅಕ್ಕನ ಸಂಸಾರಕ್ಕೆ ಒದಗಿದ ನಷ್ಟವನ್ನೂ, ಮುಂದೆ ಆ ಶಬ್ದವೇ ನನಗೆ ಕಲಿಸಿದ ಪಾಠವನ್ನೂ ನಿಮ್ಮ ಮುಂದೆ ಇಡಬೇಕೆಂದು ಈ ಬರಹ.

ನನ್ನ ಹುಟ್ಟೂರು ಮಾಲೂರು ತಾಲ್ಲೂಕಿನ ಲಕ್ಕೂರು. ಹೆಂಚಿಗೂ ಇಟ್ಟಿಗೆಗೂ ಹೆಸರಾದ ಸೀಮೆ ನಮ್ಮದು. ರಾಗಿ, ಅವರೆ, ಹುರುಳಿ ಬೆಳೆಯುವ ಮಣ್ಣು. ತುಳಿದು ಅಚ್ಚು ಹಾಕಿ ಸುಟ್ಟರೆ ಮನೆಯಾಗುವ ಮಣ್ಣು. ಚಿನ್ನವೆಂಬುದು ನಮ್ಮ ಪಾಲಿಗೆ ಪೂರ್ವದಿಕ್ಕಿನಿಂದ ಬರುವ ಸುದ್ದಿ. ಆ ದಿಕ್ಕಿನಲ್ಲಿ ಕೋಲಾರದ ಚಿನ್ನದ ಗಣಿಗಳಿದ್ದುವು. ಅಲ್ಲಿ ನನ್ನ ಸೋದರಮಾವ ಕೂಲಿಗೆ ಸೇರಿದ್ದರು. ನಾನು ಮಠದ ಪ್ರಸಾದನಿಲಯದಲ್ಲಿ ಅನ್ನ, ಆಶ್ರಯಗಳನ್ನು ಪಡೆದು ಓದಿ, 1968ರಲ್ಲಿ ಬಿ.ಎ. ತೇರ್ಗಡೆಯಾಗಿ ಊರಿಗೆ ಮರಳಿದೆ. ನಮ್ಮ ಕೇರಿಯಲ್ಲಿ ಇಂಗ್ಲಿಷ್ ಓದಬಲ್ಲವನು ಆಗ ನಾನೊಬ್ಬನೇ. ಕಚೇರಿಯ ನೋಟೀಸು, ತಂತಿ ವರ್ತಮಾನ, ಔಷಧದ ಸೀಸೆಯ ಮೇಲಿನ ಚೀಟಿ, ಎಲ್ಲವೂ ನನ್ನ ಜಗುಲಿಗೇ ಬರುತ್ತಿದ್ದುವು. ಹಿರಿಯರು ಎದ್ದು ನಿಂತು ಕಾಗದವನ್ನು ಕೈಗೆ ಕೊಡುತ್ತಿದ್ದರು. ಆ ವಯಸ್ಸಿನಲ್ಲಿ ಅಂಥ ಮರ್ಯಾದೆ ಸಿಕ್ಕರೆ 'ನನಗೆ ತಿಳಿಯದು' ಎಂಬ ಮಾತು ಬಾಯಿಂದ ಹೊರಡುವುದು ಕಷ್ಟ.

ನನ್ನ ಅಕ್ಕನನ್ನು ಕೊಟ್ಟಿದ್ದುದು ಬಂಗಾರಪೇಟೆಯಿಂದಾಚೆ, ಗಣಿಗಳಿಗೆ ದಕ್ಷಿಣದಲ್ಲಿದ್ದ ಒಂದು ಸಣ್ಣ ಹಳ್ಳಿಗೆ. ಬಂಗಾರಪೇಟೆಯೆಂಬ ಹೆಸರನ್ನು ಕೇಳಿ ನೀವು ಬಂಗಾರದಿಂದಲೇ ಆ ಹೆಸರು ಬಂದಿತೆಂದು ಊಹಿಸಬಹುದು. ಹಾಗಲ್ಲ. ಮೈಸೂರಿನ ಕಮಿಷನರನಾಗಿದ್ದ ಬೌರಿಂಗ್ ಎಂಬ ಅಧಿಕಾರಿಯ ಹೆಸರಿನಿಂದ ಅದು ಬೌರಿಂಗ್‌ಪೇಟೆ. ಜನರ ಬಾಯಲ್ಲಿ ಬೌರಿಂಗ್ ಹೋಗಿ ಬಂಗಾರ ನಿಂತಿತು. ಚಿನ್ನವಿಲ್ಲದ ಕಡೆಯಲ್ಲಿಯೂ ಚಿನ್ನವನ್ನು ಕೇಳಿಸಿಕೊಳ್ಳುವುದು ಕಿವಿಯ ಸ್ವಭಾವವೇನೋ! ನಾನು ಮಾಡಿದ ತಪ್ಪೂ ಅದೇ ಜಾತಿಯದು.

ಆ ವರ್ಷ ಭಾವನವರು ತಮ್ಮ ಎರಡು ಎಕರೆ ಖುಷ್ಕಿಯಲ್ಲಿ ಬಾವಿ ತೋಡಿಸುತ್ತಿದ್ದರು. ಮೂವತ್ತು ಅಡಿಯ ಆಳದಲ್ಲಿ ನೀಲಿ ಬೆರೆತ ಬೂದು ಬಣ್ಣದ ಒಂದು ಕಲ್ಲಿನ ಎಳೆ ಸಿಕ್ಕಿತು. ಅದರಲ್ಲಿ ಹಳದಿಯ ಮಿಂಚು. ಅವರು ಅದರ ನಾಲ್ಕು ತುಂಡುಗಳನ್ನು ಬಟ್ಟೆಯಲ್ಲಿ ಕಟ್ಟಿ, ಗುರುತಿನವರ ಮೂಲಕ ಬೆಂಗಳೂರಿಗೆ ಪರೀಕ್ಷೆಗೆ ಕಳುಹಿಸಿದರು. ತಿಂಗಳ ತರುವಾಯ ಬಂದ ಉತ್ತರವನ್ನು ಹಿಡಿದುಕೊಂಡು ಒಂದು ಸಂಜೆ ಲಕ್ಕೂರಿಗೆ ಬಂದರು. "ಓದಪ್ಪ, ನೀನು ಓದಿದವನು" ಎಂದು ಕಾಗದವನ್ನು ನನ್ನ ಕೈಯಲ್ಲಿಟ್ಟರು. ಮನೆಯವರೆಲ್ಲ ಸುತ್ತ ನೆರೆದರು.

ಕಾಗದದಲ್ಲಿ ಇದ್ದುದು ಎರಡೇ ಸಾಲು. ಆ ಕಲ್ಲು 'ಫೀಬ್ಲಿ ಆರಿಫೆರಸ್' ಎಂದು ಒಂದು ಸಾಲು. ಕೆಳಗೆ ಒಂದು ಪಟ್ಟಿ. ಅದರಲ್ಲಿ ಚಿನ್ನ ಎಂಬುದರ ಎದುರಿಗೆ 'ಟ್ರೇಸ್' ಎಂಬ ಒಂದೇ ಶಬ್ದ. ಒಳಗೆ ಹೋಗಿ ನನ್ನ ಅಂಗೈ ಅಗಲದ ನಿಘಂಟನ್ನು ತೆರೆದೆ. ಆರಿಫೆರಸ್: ಚಿನ್ನವನ್ನು ಒಳಗೊಂಡ, ಚಿನ್ನವನ್ನು ಕೊಡುವ. ಎರಡು ಅರ್ಥಗಳಿದ್ದುವು. ನನ್ನ ಕಣ್ಣು ಎರಡನೆಯದರ ಮೇಲೆ ನಿಂತಿತು. ಟ್ರೇಸ್: ಜಾಡು, ಹೆಜ್ಜೆಯ ಗುರುತು. ಚಿನ್ನದ ಜಾಡು ಸಿಕ್ಕಿದೆ, ಹಿಂಬಾಲಿಸಿ ಹೋಗಬೇಕು ಎಂದು ನಾನು ಅದನ್ನು ಅರ್ಥಮಾಡಿಕೊಂಡೆ. 'ಫೀಬ್ಲಿ' ಎಂಬುದನ್ನು ಬಲ್ಲೆ. ಆದರೆ ಅದು ಬರೆದವರ ಸಂಕೋಚದ ಮಾತೆಂದು ಬದಿಗಿಟ್ಟೆ. ಹೊರಗೆ ಬಂದು ಹೇಳಿದೆ: "ಭಾವ, ಇದು ಚಿನ್ನ ಕೊಡುವ ಕಲ್ಲು."

ಆ ಐದಾರು ಮಾತುಗಳ ಬೆಲೆ ಎಷ್ಟಾಯಿತೆಂಬುದನ್ನು ಕೇಳಿ. ಬಾವಿಯನ್ನು ಕೆಳಕ್ಕೆ ತೋಡುವುದು ನಿಂತಿತು; ಕಲ್ಲಿನ ಎಳೆಯನ್ನು ಹಿಡಿದು ಅಡ್ಡಲಾಗಿ ತೋಡುವುದು ಮೊದಲಾಯಿತು. ಮಣ್ಣನ್ನೂ ಕಲ್ಲನ್ನೂ ರಾಶಿ ಹಾಕಿದ್ದರಿಂದ ಆ ವರ್ಷ ಅರ್ಧ ಹೊಲದಲ್ಲಿ ರಾಗಿ ಬಿತ್ತಲಿಲ್ಲ. ಮದ್ದಿಗೆ, ಕೂಲಿಗೆ ಸಾಲವಾಯಿತು. ಸಾಲಕ್ಕೆ ಎತ್ತಿನ ಜೋಡಿ ಹೋಯಿತು. ಕಡೆಗೆ ಅಕ್ಕನ ಕೊರಳಲ್ಲಿದ್ದ ಎರಡೆಳೆಯ ಸರ ಗಿರವಿಗೆ ಹೋಯಿತು. ಅದು ನಮ್ಮ ತಂದೆ ಎರಡು ವರ್ಷದ ರಾಗಿಯನ್ನು ಮಾರಿ ಅವಳ ಮದುವೆಗೆ ಮಾಡಿಸಿದ್ದು. ಆ ಮನೆಯಲ್ಲಿ ನಿಜವಾಗಿ ಚಿನ್ನವನ್ನು ಹೊತ್ತಿದ್ದುದು ಅವಳ ಕೊರಳೊಂದೇ. ಕಲ್ಲಿನ ಚಿನ್ನಕ್ಕಾಗಿ ಕೊರಳಿನ ಚಿನ್ನ ಹೋಯಿತು, ಮತ್ತೆ ಬರಲಿಲ್ಲ.

ಮುಂದಿನ ಯುಗಾದಿಗೆ ಸೋದರಮಾವ ಬಂದರು. ಗಣಿಯಲ್ಲಿ ಅವರ ಕೆಲಸ ಮಾದರಿ ಕಲ್ಲನ್ನು ಕೆತ್ತುವುದು. ನೆಲದ ಆಳದಲ್ಲಿ ಅದುರಿನ ಎಳೆಗೆ ಅಡ್ಡಲಾಗಿ, ಗೊತ್ತುಪಡಿಸಿದ ಅಂತರಗಳಲ್ಲಿ ಚೂರುಗಳನ್ನು ಕೆತ್ತಿ, ಚೀಲಕ್ಕೆ ತುಂಬಿ, ಗುರುತಿನ ಚೀಟಿ ಕಟ್ಟಿ ಪರೀಕ್ಷೆಯ ಕೋಣೆಗೆ ಮುಟ್ಟಿಸಬೇಕು. ಅಲ್ಲಿ ಆ ಕಲ್ಲನ್ನು ಹಿಟ್ಟಿನಂತೆ ಅರೆದು, ಸೀಸದ ಭಸ್ಮದೊಡನೆ ಕರಗಿಸುತ್ತಾರೆ. ಕರಗಿದ ಸೀಸವು ಚಿನ್ನವನ್ನು ತನ್ನೊಳಕ್ಕೆ ಎಳೆದುಕೊಳ್ಳುತ್ತದೆ. ಬಳಿಕ ಸೀಸವನ್ನು ಕಾಸಿ ತೆಗೆದರೆ ಸಾಸಿವೆಗಿಂತ ಚಿಕ್ಕದಾದ ಮಣಿಯೊಂದು ಉಳಿಯುತ್ತದೆ. ಅದನ್ನು ತೂಗಿ, ಟನ್ನಿಗೆ ಇಷ್ಟು ಎಂದು ಲೆಕ್ಕ ಕಟ್ಟುತ್ತಾರೆ. ಮಾವನವರಿಗೆ ಇಂಗ್ಲಿಷ್ ಬಾರದು. ಆದರೆ ವರ್ಷಗಟ್ಟಲೆ ಆ ಲೆಕ್ಕದ ಹಲಗೆಯನ್ನು ನೋಡಿ ನೋಡಿ ಅದರ ಅಂಕಿಗಳೂ ನಾಲ್ಕಾರು ಶಬ್ದಗಳ ಆಕಾರವೂ ಅವರಿಗೆ ಪರಿಚಿತವಾಗಿದ್ದುವು.

"ಕಾಗದ ಓದಿದೆಯಂತೆ?" ಎಂದರು.

"ಓದಿದೆ ಮಾವ."

"ಟನ್ನಿಗೆ ಎಷ್ಟಂತೆ?"

ಆ ಪ್ರಶ್ನೆ ನನಗೆ ಹೊಳೆದೇ ಇರಲಿಲ್ಲ. ಅವರು ಕಾಗದವನ್ನು ತೆಗೆದುಕೊಂಡು, ಆ ಪಟ್ಟಿಯ ಮೇಲೆ ಬೆರಳಿಟ್ಟು, ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ನಿಧಾನವಾಗಿ ಹೇಳಿದರು: "ಇದು ಟ್ರೇಸು. ನಮ್ಮ ಹಲಗೆಯ ಮೇಲೆ ಇದನ್ನು ಬರೆದರೆ ಆ ಕಡೆ ಇನ್ನು ಯಾರೂ ಹೋಗಬೇಡಿ ಎಂದು ಅರ್ಥ. ಚಿನ್ನ ಇದೆ, ತೂಗುವುದಕ್ಕೆ ಸಾಲದು. ಇರೋದು ಬೇರೆ, ಕೊಡೋದು ಬೇರೆ ಕಣಪ್ಪ. ಇಷ್ಟಕ್ಕೂ ನೆಲದೊಳಗಿನ ಚಿನ್ನ ಸಿಕ್ಕಿದ್ದರೂ ಅದು ನಮ್ಮದಲ್ಲ, ಸರ್ಕಾರದ್ದು." ಹಳದಿಯಾಗಿ ಮಿಂಚಿದ್ದು ಕಬ್ಬಿಣವೂ ಗಂಧಕವೂ ಕೂಡಿ ಆದ ಪೈರೈಟ್ ಎಂಬ ಖನಿಜ. ಕೋಲಾರದ ಒಳ್ಳೆಯ ಅದುರಿನಲ್ಲಿ ಬರಿಗಣ್ಣಿಗೆ ಚಿನ್ನ ಕಾಣುವುದೇ ಅಪರೂಪ ಎಂಬುದನ್ನೂ ಅವರು ಹೇಳಿದರು. ಮಿಂಚಿದ್ದು ಚಿನ್ನವಲ್ಲ, ಚಿನ್ನವಿದ್ದುದು ಮಿಂಚಲಿಲ್ಲ.

ಬಂಧುಗಳೇ, ಆ ದಿನದಿಂದ ನಾನು ಆ ಶಬ್ದದ ಬೆನ್ನು ಹತ್ತಿದೆ. ತಿಳಿದುದನ್ನು ಕ್ರಮವಾಗಿ ಹೇಳುತ್ತೇನೆ.

ಲ್ಯಾಟಿನ್ ಭಾಷೆಯಲ್ಲಿ 'ಆರುಂ' ಎಂದರೆ ಚಿನ್ನ. 'ಫೆರ್ರೆ' ಎಂದರೆ ಹೊರುವುದು, ಧರಿಸುವುದು. ಈ ಫೆರ್ರೆಯೂ ಸಂಸ್ಕೃತದ 'ಭೃ' ಧಾತುವೂ ಒಂದೇ ಮೂಲದವು. ನಾವು ದಿನವೂ ಆಡುವ ಭಾರ, ಭರಣ ಎಂಬ ಶಬ್ದಗಳು ಅದಕ್ಕೆ ದಾಯಾದಿಗಳು. ರೋಮಿನ ಕವಿಗಳು ಟೇಗಸ್ ನದಿಯನ್ನು 'ಆರಿಫರ್' ಎಂದು ಕರೆದರು. ಸ್ಪೇನ್, ಪೋರ್ಚುಗಲ್ಲುಗಳಲ್ಲಿ ಹರಿಯುವ ಆ ಹೊಳೆಯ ಮರಳಿನಲ್ಲಿ ಚಿನ್ನದ ಕಣಗಳಿದ್ದುವು. ಅಲ್ಲಿಂದ ಆ ಶಬ್ದ ಇಂಗ್ಲಿಷಿಗೆ ಬಂದಿತು. ಇದೇ ಬಾಲವುಳ್ಳ ಶಬ್ದಗಳು ಇಂಗ್ಲಿಷಿನಲ್ಲಿ ಇನ್ನೂ ಹಲವಿವೆ. ಬೆಳ್ಳಿಯನ್ನು ಹೊತ್ತುದು ಆರ್ಜೆಂಟಿಫೆರಸ್. ಶಂಕುವಿನಾಕಾರದ ಕಾಯಿಗಳನ್ನು ಹೊತ್ತ ಮರ ಕೋನಿಫೆರಸ್. ಕಲ್ಲಿದ್ದಲನ್ನು ಹೊತ್ತ ಭೂವೈಜ್ಞಾನಿಕ ಯುಗ ಕಾರ್ಬೊನಿಫೆರಸ್. ಲೋಹವನ್ನು ಹೊತ್ತುದು ಮೆಟಲಿಫೆರಸ್. ನಮ್ಮ ದೇಶದ ಲೋಹದ ಗಣಿಗಳಿಗೆ ಅನ್ವಯಿಸುವಂತೆ 1961ರಲ್ಲಿ ಮಾಡಿದ ನಿಯಮಾವಳಿಯ ಹೆಸರಿನಲ್ಲಿಯೇ ಆ ಶಬ್ದವಿದೆ.

ಬಳಕೆಯಲ್ಲಿ ಈ ವಿಶೇಷಣಕ್ಕೆ ಒಂದು ಶಿಸ್ತುಂಟು. ಉಂಗುರವನ್ನು ಆರಿಫೆರಸ್ ಎನ್ನಲಾಗದು. ಅದು ಚಿನ್ನದ್ದು, ಚಿನ್ನವನ್ನು ಹೊತ್ತುದಲ್ಲ. ಮಾಗಿದ ತೆನೆಯನ್ನಾಗಲಿ ಸಂಜೆಯ ಮುಗಿಲನ್ನಾಗಲಿ ಹಾಗೆನ್ನಲಾಗದು. ಅವು ಹೊನ್ನಿನ ಬಣ್ಣದವು, ಅವಕ್ಕೆ ಗೋಲ್ಡನ್ ಎಂಬ ಸಾಮಾನ್ಯ ಶಬ್ದವಿದೆ. ಚಿನ್ನದ ನೀರು ಕೊಟ್ಟ ತಾಮ್ರದ ತಟ್ಟೆಗೆ ಗಿಲ್ಡೆಡ್ ಎನ್ನುತ್ತಾರೆ. ಅದು ಹೊರಗೆ ಮಾತ್ರ ಹೊನ್ನು. ಅಲಂಕಾರ ತುಂಬಿದ ಭಾರಿ ಮಾತುಗಾರಿಕೆಗೆ ಆರಿಯೇಟ್ ಎಂಬ ಬೇರೊಂದು ಶಬ್ದವಿದೆ. ಆರಿಫೆರಸ್ ಎಂಬುದು ಸೇರುವುದು ಕಲ್ಲಿಗೆ, ಮಣ್ಣಿಗೆ, ಮರಳಿಗೆ, ನದಿಯ ಜಲ್ಲಿಗೆ, ನೆಲದೊಳಗಿನ ಎಳೆಗೆ. ಹೊರಗೆ ಏನೂ ಕಾಣದೆ ಒಳಗೆ ಹೊನ್ನಿರುವ ವಸ್ತುವಿಗೆ ಮಾತ್ರ ಅದು ಸಲ್ಲುತ್ತದೆ. ಅಮೆರಿಕದ ಭೂವಿಜ್ಞಾನಿ ವಿಟ್ನಿ 1880ರಲ್ಲಿ ಕ್ಯಾಲಿಫೋರ್ನಿಯದ ಪರ್ವತಗಳ ಹೊನ್ನಿನ ಜಲ್ಲಿಯನ್ನು ಕುರಿತು ಪ್ರಕಟಿಸಿದ ದೊಡ್ಡ ಗ್ರಂಥದ ಹೆಸರಿನಲ್ಲಿ ಈ ಶಬ್ದ ಇದೇ ಅರ್ಥದಲ್ಲಿದೆ.

ಆದರೆ ಈ ಶಬ್ದ ಒಂದು ಸಂಗತಿಯನ್ನು ಎಂದೂ ಹೇಳುವುದಿಲ್ಲ: ಎಷ್ಟು ಎಂಬುದನ್ನು. ಟನ್ನಿಗೆ 40 ಗ್ರಾಂ ಇದ್ದರೂ ಆರಿಫೆರಸ್, ಕಣದ ಕಣವಿದ್ದರೂ ಆರಿಫೆರಸ್. ಹಾಗೆ ನೋಡಿದರೆ ಸಮುದ್ರದ ನೀರೂ ಆರಿಫೆರಸ್ಸೇ. ಮೊದಲನೆಯ ಮಹಾಯುದ್ಧದಲ್ಲಿ ಸೋತ ಜರ್ಮನಿಯ ಮೇಲೆ ಪರಿಹಾರದ ಹೊರೆ ಬಿದ್ದಾಗ, ಆ ದೇಶದ ಹೆಸರಾಂತ ರಸಾಯನವಿಜ್ಞಾನಿ ಹೇಬರ್ ಸಮುದ್ರದಿಂದ ಚಿನ್ನ ತೆಗೆದು ಸಾಲ ತೀರಿಸಬೇಕೆಂದು ಹೊರಟನು. ಹಡಗಿನಲ್ಲಿ ಪ್ರಯೋಗಶಾಲೆಯನ್ನೇ ಹೂಡಿ 1920ರ ದಶಕದಲ್ಲಿ ವರ್ಷಗಟ್ಟಲೆ ಶ್ರಮಿಸಿದನು. ನೀರಿನಲ್ಲಿ ಚಿನ್ನವಿದ್ದುದು ನಿಜ. ಹಿಂದಿನವರು ಎಣಿಸಿದ್ದಕ್ಕಿಂತ ಎಷ್ಟೋ ಪಾಲು ಕಡಿಮೆ. ಯತ್ನವನ್ನು ಕೈಬಿಡಬೇಕಾಯಿತು. ಅಂಥ ವಿದ್ವಾಂಸನೇ 'ಇದೆ' ಎಂಬುದರಿಂದ 'ಕೊಡುತ್ತದೆ' ಎಂಬುದಕ್ಕೆ ದಾಟಲು ಹೋಗಿ ಎಡವಿದನೆಂದರೆ, ಲಕ್ಕೂರಿನ ಬಿ.ಎ. ಪದವೀಧರನ ಪಾಡೇನು!

ನಮ್ಮ ಕೋಲಾರದ ಗಣಿಗಳ ಚರಿತ್ರೆಯನ್ನೇ ಈ ಎರಡು ಅರ್ಥಗಳ ನಡುವಿನ ನಡಿಗೆಯೆಂದು ಹೇಳಬಹುದು. 1802ರಲ್ಲಿ ಗಡಿಯ ಮೋಜಣಿಗೆಂದು ಬಂದ ವಾರನ್ ಎಂಬ ಅಧಿಕಾರಿ, ಮಾರಿಕುಪ್ಪದ ಸುತ್ತಿನ ಹಳ್ಳಿಗರು ಮಣ್ಣನ್ನು ತೊಳೆದು ಚಿನ್ನದ ಪುಡಿ ತೆಗೆದುದನ್ನು ಕಂಡು ಬರೆದಿಟ್ಟನು. ನೆಲದಲ್ಲಿ ಹೊನ್ನುಂಟು ಎಂಬುದು ಅಲ್ಲಿಗೆ ಲೋಕಕ್ಕೆ ತಿಳಿಯಿತು. ಆದರೆ ಆ ಬರಹವನ್ನು ಓದಿ ಲವೆಲ್ ಎಂಬ ಐರಿಷ್ ಸೈನಿಕ ಗಣಿಯ ಪರವಾನಗಿ ಕೇಳುವ ಹೊತ್ತಿಗೆ 1870ರ ದಶಕ ಬಂದಿತ್ತು. ಅವನಿಂದಲೂ ಆಗಲಿಲ್ಲ. 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿಯವರು ಬಂದ ಮೇಲೆಯೂ ಕೆಲವು ವರ್ಷ ಹಣ ಕರಗಿತೇ ಹೊರತು ಲಾಭ ಕಾಣಲಿಲ್ಲ. ಆಮೇಲೆ ಚಾಂಪಿಯನ್ ಎಂದು ಹೆಸರಾದ ಎಳೆ ದೊರಕಿ ನೆಲ ಕೊಡತೊಡಗಿತು. 1887ರಲ್ಲಿ ಸ್ಕಾಟ್ಲೆಂಡಿನಲ್ಲಿ ಕಂಡುಹಿಡಿದ ಸೈನೈಡ್ ವಿಧಾನದಿಂದ, ಹಿಂದೆ ಕೈಗೆ ಸಿಗದಿದ್ದ ಕಣಗಳೂ ಸಿಗತೊಡಗಿದುವು. 1902ರಲ್ಲಿ ಶಿವನಸಮುದ್ರದಿಂದ ವಿದ್ಯುತ್ತು ಬಂದಿತು. ಗಣಿಗಳು 3 ಕಿಲೋಮೀಟರಿಗೂ ಮೀರಿ ಆಳಕ್ಕೆ ಇಳಿದುವು. ಅಲ್ಲಿಯ ಬಂಡೆಯ ಕಾವು 60 ಡಿಗ್ರಿಯನ್ನೂ ದಾಟುತ್ತಿತ್ತು. ಒಟ್ಟು 5 ಕೋಟಿ ಟನ್ನಿನಷ್ಟು ಅದುರಿನಿಂದ ಸುಮಾರು 800 ಟನ್ ಚಿನ್ನ ಹೊರಬಂದಿತು. ಆರಂಭದ ಕಾಲದಲ್ಲಿ ಟನ್ನಿಗೆ 40 ಗ್ರಾಮಿಗೂ ಹೆಚ್ಚು ಸಿಕ್ಕುತ್ತಿದ್ದುದು ಕೊನೆಯ ವರ್ಷಗಳಲ್ಲಿ ಮೂರು ನಾಲ್ಕು ಗ್ರಾಮಿಗೆ ಇಳಿಯಿತು. ತೆಗೆಯುವ ಖರ್ಚು ಸಿಗುವ ಚಿನ್ನದ ಬೆಲೆಯನ್ನು ಮೀರಿತು. 2001ರ ಫೆಬ್ರವರಿ 28ರಂದು ಗಣಿಗಳು ಮುಚ್ಚಿದುವು. ಆ ನೆಲ ಈಗಲೂ ಆರಿಫೆರಸ್. ವಿಶೇಷಣ ಸುಳ್ಳಾಗಿಲ್ಲ, ಅದರ ಎರಡನೆಯ ಅರ್ಥ ಮಾತ್ರ ನಿಂತುಹೋಗಿದೆ.

ಇಲ್ಲಿ ಇನ್ನೊಂದು ಮಾತನ್ನು ಹೇಳದೆ ಮುಂದೆ ಹೋಗಲಾರೆ. ಕಲ್ಲು ಚಿನ್ನವನ್ನು ಹೊತ್ತಿತು. ಆ ಕಲ್ಲನ್ನು ಮನುಷ್ಯರು ಹೊತ್ತರು. ನನ್ನ ಮಾವನವರು ಬದುಕಿನುದ್ದಕ್ಕೂ ಚೀಲಗಳಲ್ಲಿ ಹೊತ್ತುದು ಹೊನ್ನಿನ ಕಲ್ಲನ್ನೇ. ಮನೆಗೆ ತಂದುದು ಮಾತ್ರ ಕೂಲಿಯನ್ನೂ, ಕಲ್ಲಿನ ದೂಳು ತುಂಬಿದ ಶ್ವಾಸಕೋಶಗಳನ್ನೂ. ಕೊನೆಯ ದಿನಗಳಲ್ಲಿ ನಮ್ಮ ಜಗುಲಿಯ ಮೇಲೆ ಕುಳಿತು ಕೆಮ್ಮುತ್ತಿದ್ದ ಅವರನ್ನು ಕಂಡಾಗಲೆಲ್ಲ, ಹೊರುವುದು ಒಬ್ಬರು, ಪಡೆಯುವುದು ಮತ್ತೊಬ್ಬರು ಎಂಬುದು ನನ್ನ ಮನಸ್ಸಿಗೆ ಬರುತ್ತಿತ್ತು.

ಇನ್ನು ಈ ಶಬ್ದಕ್ಕೆ ಕನ್ನಡದಲ್ಲಿ ಏನೆನ್ನಬೇಕು? ಸ್ವರ್ಣಮಯ ಎಂದರೆ ತಪ್ಪು, ಎಲ್ಲವೂ ಚಿನ್ನವೆಂದಾಗುತ್ತದೆ. ಹಿರಣ್ಯಗರ್ಭ ಎಂಬುದು ಸೊಗಸಾಗಿದೆ, ಆದರೆ ಅದಕ್ಕೆ ಶಾಸ್ತ್ರದಲ್ಲಿ ಬೇರೆಯೇ ಅರ್ಥವಿದೆ. ಹೊನ್ನುಳ್ಳ ಎಂದರೆ ಹಣವಂತನೆಂದೂ ಆಗಬಹುದು. ಬಹುಕಾಲ ಯೋಚಿಸಿ ನಾನು ಒಪ್ಪಿಕೊಂಡುದು 'ಹೊನ್ನು ಹೊತ್ತ' ಎಂಬ ಎರಡು ಅಚ್ಚಗನ್ನಡ ಶಬ್ದಗಳನ್ನು. ಹೊರು ಎಂಬುದು ಫೆರ್ರೆಯ ಅರ್ಥವನ್ನು ಸರಿಯಾಗಿ ತೂಗುತ್ತದೆ. ಅಲ್ಲದೆ ನಮ್ಮಲ್ಲಿ ತಾಯಿಯನ್ನು 'ಹೊತ್ತು ಹೆತ್ತವಳು' ಎನ್ನುತ್ತೇವಲ್ಲವೇ? ಹೊರುವುದು ಒಂದು, ಹೆರುವುದು ಇನ್ನೊಂದು ಎಂಬ ವಿವೇಕ ಆ ಮಾತಿನಲ್ಲಿಯೇ ಇದೆ. ನನ್ನ ನಿಘಂಟಿನ ಎರಡು ಅರ್ಥಗಳನ್ನು ನಮ್ಮ ಹೆಂಗಸರು ಎಂದೋ ಬೇರೆ ಬೇರೆ ಮಾಡಿ ಇಟ್ಟಿದ್ದರು. ಹನ್ನೆರಡನೆಯ ಶತಮಾನದಲ್ಲಿ ಅಕ್ಕಮಹಾದೇವಿಯೂ ದೈವದ ನಿಲವು ಕಣ್ಣಿಗೆ ಬೀಳದ ಬಗೆಯನ್ನು ಹೇಳುವಾಗ ಕಲ್ಲಿನಲ್ಲಿ ಅಡಗಿದ ಹೊನ್ನನ್ನು ಹೋಲಿಕೆಯಾಗಿ ತಂದಿರುವುದನ್ನು ನೀವೆಲ್ಲ ಬಲ್ಲಿರಿ. ಒಳಗಿದೆ ಎಂಬ ಮಾತ್ರಕ್ಕೆ ಕೈಗೆ ಬಂದಂತಾಗಲಿಲ್ಲ ಎಂಬುದು ಅಲ್ಲಿಯ ಭಾವವೆಂದು ನಾನು ತಿಳಿದಿದ್ದೇನೆ.

ಅಕ್ಕನ ಬಾವಿಯ ಕಥೆಯನ್ನು ಮುಗಿಸಬೇಕು. ಮಾವನವರ ಮಾತಿನಂತೆ ಅಡ್ಡ ತೋಡುವುದನ್ನು ಬಿಟ್ಟು ಮತ್ತೆ ಕೆಳಕ್ಕೆ ತೋಡಿದರು. ಇನ್ನು ಹತ್ತು ಅಡಿ ಹೋಗುವುದರೊಳಗೆ ಆ ಕಲ್ಲಿನ ಬಿರುಕುಗಳಿಂದಲೇ ನೀರು ಬಂದಿತು. ನನಗೆ ಉದ್ಯೋಗ ಸಿಕ್ಕ ಮೇಲೆ, ಗಿರವಿಯಲ್ಲಿ ಮುಳುಗಿದ ಸರಕ್ಕೆ ಬದಲಾಗಿ ಇನ್ನೊಂದನ್ನು ಮಾಡಿಸಿಕೊಡುತ್ತೇನೆಂದು ಅಕ್ಕನಿಗೆ ಹೇಳಿದೆ. ಅವಳು ಆಗ ಬಾವಿಯ ಬದಿಯ ಸೊಪ್ಪಿನ ಮಡಿಗೆ ನೀರು ಕಟ್ಟುತ್ತಿದ್ದಳು. "ನೀರು ಬಂತಲ್ಲ, ಬಿಡು" ಎಂದಳು. ಒಂದು ದಿನವೂ ಅವಳು ನನ್ನನ್ನು ಆಡಿಕೊಳ್ಳಲಿಲ್ಲ. ಆಡಿಕೊಂಡಿದ್ದರೆ ನನ್ನ ಭಾರ ಸ್ವಲ್ಪ ಇಳಿಯುತ್ತಿತ್ತೋ ಏನೋ.

ನೀರನ್ನು ಹೊತ್ತ ಶಿಲಾಪದರಕ್ಕೆ ಇಂಗ್ಲಿಷಿನಲ್ಲಿ ಅಕ್ವಿಫರ್ ಎನ್ನುತ್ತಾರೆ. ಅದರ ವಿಶೇಷಣ ಅಕ್ವಿಫೆರಸ್. ಅದೂ ಅದೇ ಮನೆತನದ ಶಬ್ದ. 'ಅಕ್ವಾ' ಎಂದರೆ ನೀರು. ಭಾವನವರ ಕಲ್ಲು ಹೊನ್ನನ್ನು ಹೆಸರಿಗೆ ಮಾತ್ರ ಹೊತ್ತಿತ್ತು, ನೀರನ್ನು ನಿಜಕ್ಕೂ ಹೊತ್ತಿತ್ತು. ನಾನು ಕಾಗದವನ್ನು ಓದಿ ಹೇಳಬೇಕಾಗಿದ್ದುದು ಇಷ್ಟೇ: "ಭಾವ, ಇದು ಚಿನ್ನದ ಮಾತಲ್ಲ. ನೀವು ಬಾವಿಯನ್ನು ತೋಡಿ."

ಆ ಬಾವಿಯೂ ಬತ್ತಿ ಬಹಳ ವರ್ಷಗಳಾದುವು. ವರ್ಷವಿಡೀ ಹರಿಯುವ ಹೊಳೆಯೊಂದೂ ಇಲ್ಲದ ನಮ್ಮ ಜಿಲ್ಲೆಯಲ್ಲಿ ಕೊಳವೆಬಾವಿಗಳು ಸಾವಿರ ಅಡಿಯನ್ನು ದಾಟಿ ಇಳಿದಿವೆ. 2018ರ ಜೂನ್ ತಿಂಗಳಲ್ಲಿ ಬೆಂಗಳೂರಿನ ಬಳಸಿದ ನೀರನ್ನು ಸಂಸ್ಕರಿಸಿ ಕೋರಮಂಗಲ-ಚಲ್ಲಘಟ್ಟ ಕಣಿವೆಯಿಂದ ಕೊಳವೆಗಳಲ್ಲಿ ತಂದು ಲಕ್ಷ್ಮೀಸಾಗರದ ಕೆರೆಗೆ ಬಿಟ್ಟಾಗ, ಜನ ಅದನ್ನು ನೋಡಲು ನೆರೆದರು. ಅತ್ತ ಗಣಿಗಳ ಪಕ್ಕದಲ್ಲಿ ಸೈನೈಡ್ ಗುಡ್ಡಗಳೆಂದು ಹೆಸರಾದ ಬೂದು ದಿಬ್ಬಗಳಿವೆ. ಅರೆದು, ಚಿನ್ನ ತೆಗೆದು ಚೆಲ್ಲಿದ ಪುಡಿ ಅದು. 3 ಕೋಟಿ ಟನ್ನಿಗೂ ಹೆಚ್ಚು. ಅದರಲ್ಲಿಯೂ ಅಷ್ಟಿಷ್ಟು ಚಿನ್ನ ಉಳಿದಿದೆ. 2024ರ ಜೂನ್ ತಿಂಗಳಲ್ಲಿ, ಅಂಥ 13 ದಿಬ್ಬಗಳಿಂದ ಮತ್ತೆ ಚಿನ್ನ ತೆಗೆಯುವ ಕೇಂದ್ರದ ಪ್ರಸ್ತಾವಕ್ಕೆ ರಾಜ್ಯದ ಸಚಿವ ಸಂಪುಟ ಒಪ್ಪಿಗೆ ಕೊಟ್ಟಿತು. ಆ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿದಾಗ ನನ್ನ ಬಾಯಿಂದ ತಾನಾಗಿ ಹೊರಟುದು ಮಾವನವರ ಪ್ರಶ್ನೆ: ಟನ್ನಿಗೆ ಎಷ್ಟು?

ಮಠದ ನೆರಳಿನಲ್ಲಿ ಓದಿ ಊರೂರುಗಳಲ್ಲಿ ನೆಲೆಸಿರುವ ಬಂಧುಗಳೇ, ನಿಮ್ಮ ಜಗುಲಿಗೂ ಕಾಗದಗಳು ಬರುತ್ತಿರುತ್ತವೆ. ವೈದ್ಯರ ವರದಿ, ಸಾಲದ ಪತ್ರ, ಜಮೀನಿನ ಕರಾರು. ಕೇಳುವವರು ನಿಮ್ಮ ಓದನ್ನು ನಂಬಿ ಕೈ ಮುಗಿದು ನಿಂತಿರುತ್ತಾರೆ. ಶಬ್ದಕ್ಕೆ ಎರಡು ಅರ್ಥಗಳಿದ್ದರೆ ಎರಡನ್ನೂ ಹೇಳಿರಿ. ತಿಳಿಯದಿದ್ದರೆ ತಿಳಿಯದೆಂದು ಹೇಳಿರಿ. ಓದಿದವನ ಮೇಲೆ ಇರುವ ಹೊರೆ ಇದು. ನನ್ನ ಹೊರೆಯನ್ನು ಅಕ್ಕನ ಕೊರಳು ತೀರಿಸಿತು; ಅವಳು ಲಿಂಗೈಕ್ಯಳಾಗಿ ಹತ್ತು ವರ್ಷಗಳಾದುವು. ಅವಳ ಕೊರಳಿನಲ್ಲಿ ಕೊನೆಯವರೆಗೂ ಇದ್ದುದು ಲಿಂಗದ ಕರಡಿಗೆಯ ದಾರವೂ ತಾಳಿಯ ಕರಿಮಣಿಯೂ ಮಾತ್ರ.